ಅಳಿಸುವ ಮೊದಲು



ಕಳೆದ ತಿಂಗಳು ಮಳೆಗಾಲದ ತೇವದಿಂದ ಮದುವೆ ಆಲ್ಬಮ್‌ಗಳನ್ನು ಕಾಪಾಡುವ ಬಗ್ಗೆ ಈ ಅಂಕಣದಲ್ಲಿ ಬರೆದಿದ್ದೆವು. ಅದನ್ನು ಓದಿದ ತಾಯಿಯೊಬ್ಬರು ಭಾನುವಾರದ ಬಲಿಪೂಜೆ ಮುಗಿದ ಮೇಲೆ ಚರ್ಚಿನ ಅಂಗಳದಲ್ಲಿ ನಮ್ಮನ್ನು ನಿಲ್ಲಿಸಿ ಕೇಳಿದರು: “ಆಲ್ಬಮ್ ಸರಿ. ಮಕ್ಕಳ ಹಳೆಯ ವಿಡಿಯೋ ಗೇಮ್ ಪೆಟ್ಟಿಗೆ ಅಟ್ಟದಲ್ಲಿ ಬಿದ್ದಿದೆ. ಅದರೊಳಗೆ ಇರುವುದನ್ನೆಲ್ಲ ಅಳಿಸಿ ಯಾರಿಗಾದರೂ ಕೊಟ್ಟುಬಿಡಬಹುದಾ?” ನಾವು ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಯಾಕೆಂದರೆ ಅದೇ ಪ್ರಶ್ನೆ ಈ ಮೇ ತಿಂಗಳಲ್ಲಿ ನಮ್ಮ ಮನೆಯಲ್ಲೂ ಎದ್ದಿತ್ತು. ಇನ್ನೂ ಪೂರ್ತಿ ತೀರ್ಮಾನವಾಗಿಲ್ಲ.

ರಜೆಗೆ ಬಂದ ಮೊಮ್ಮಗನಿಗೆ ಒಂಬತ್ತು ವರ್ಷ. ಬಂದ ಎರಡನೆಯ ದಿನವೇ ಫೋನು ಕೈಯಿಂದ ಕಿತ್ತುಕೊಂಡೆವು. ಮೂರನೆಯ ದಿನ ಅವನು ಅಟ್ಟ ಹತ್ತಿದ. ಕೆಳಗೆ ಇಳಿಯುವಾಗ ತಲೆತುಂಬ ಜೇಡರ ಬಲೆ, ಕೈಯಲ್ಲಿ ಒಂದು ರಟ್ಟಿನ ಪೆಟ್ಟಿಗೆ. ಅದರೊಳಗೆ ನಮ್ಮ ಮಕ್ಕಳಿಬ್ಬರು ಆಡುತ್ತಿದ್ದ ಪ್ಲೇಸ್ಟೇಷನ್ 2 ಇತ್ತು. 2005ರಲ್ಲಿ ಮಸ್ಕತ್ತಿನಿಂದ ಬಂದ ಸೋದರಮಾವ ತಂದುಕೊಟ್ಟದ್ದು. ಕಪ್ಪು ಬಣ್ಣದ, ದಪ್ಪನೆಯ ಪುಸ್ತಕದಷ್ಟು ದೊಡ್ಡದಾದ ಯಂತ್ರ. ಜಪಾನಿನಲ್ಲಿ 2000ದ ಮಾರ್ಚಿನಲ್ಲಿ ಮೊದಲು ಮಾರಾಟಕ್ಕೆ ಬಂದ ಈ ಯಂತ್ರ ಲೋಕದಲ್ಲಿ 15 ಕೋಟಿಗೂ ಹೆಚ್ಚು ಮಾರಾಟವಾಯಿತು. 2013ರ ಆರಂಭದ ಹೊತ್ತಿಗೆ ತಯಾರಿ ನಿಂತಿತು. ಹಾಗಾದರೆ ಎಷ್ಟು ಕೋಟಿ ಅಟ್ಟಗಳಲ್ಲಿ ಇದು ಕುಳಿತಿರಬಹುದು!

ಒರೆಸಿ, ಹಳೆಯ ಟಿವಿಗೆ ಮೂರು ಬಣ್ಣದ ವಯರು ಸಿಕ್ಕಿಸಿದಾಗ ಯಂತ್ರ ಎದ್ದಿತು. ಆಶ್ಚರ್ಯವೆಂದರೆ ಎದ್ದ ಕೂಡಲೇ ಅದು ಕೇಳಿದ್ದು ಭಾಷೆ ಯಾವುದು, ಗಂಟೆ ಎಷ್ಟು ಎಂದು. ಒಳಗಿನ ನಾಣ್ಯದಂಥ ಬ್ಯಾಟರಿ ಸತ್ತುಹೋದರೆ ಅದಕ್ಕೆ ದಿನ, ವೇಳೆ ನೆನಪಿರುವುದಿಲ್ಲವಂತೆ. ಪ್ರಾಯವಾದವರ ಹಾಗೆ ಎಂದು ನಮ್ಮಲ್ಲಿ ಒಬ್ಬರು ಹೇಳಿದರು. ಇನ್ನೊಬ್ಬರು ನಗಲಿಲ್ಲ.

ಮೊಮ್ಮಗ ಡಿಸ್ಕ್ ಹಾಕಿದ. ಗ್ರ್ಯಾನ್ ಟುರಿಸ್ಮೊ 4, ಕಾರು ಓಡಿಸುವ ಆಟ. ಹೊಸ ಆಟ ಶುರು ಮಾಡಿ ಉಳಿಸಲು ಹೋದರೆ ಮೆಮೊರಿ ಕಾರ್ಡು ತುಂಬಿತ್ತು. ಆ ಕಾಲದ ಕಾರ್ಡಿನ ಅಳತೆ 8 ಎಂಬಿ. ಈಗ ಫೋನಿನಲ್ಲಿ ತೆಗೆದ ಎರಡೋ ಮೂರೋ ಫೋಟೋ ಹಿಡಿಸುವಷ್ಟು ಜಾಗ. ಹುಡುಗ ಯೋಚಿಸಲೇ ಇಲ್ಲ. “ಅಜ್ಜಿ, ಇದೆಲ್ಲ ಹಳೆಯದು. ಡಿಲೀಟ್ ಮಾಡ್ತೇನೆ” ಎಂದ. ಹೂಂ ಎಂದೆವು. ಅವನ ಹೆಬ್ಬೆರಳು ಗುಂಡಿಯ ಮೇಲಿತ್ತು. ಅಷ್ಟರಲ್ಲಿ ಪರದೆಯ ಮೇಲೆ ಕಂಡ ದಿನಾಂಕ ನಮ್ಮನ್ನು ತಡೆಯಿತು.

ಇಲ್ಲಿ ಸ್ವಲ್ಪ ನಿಲ್ಲಬೇಕು. ಆ ತಾಯಿ ಕೇಳಿದ ಪ್ರಶ್ನೆಗೆ ಉತ್ತರ ಇಲ್ಲಿದೆ, ಆಮೇಲೆ ಮರೆತುಹೋದೀತು.

ಪ್ಲೇಸ್ಟೇಷನ್ 2ಕ್ಕೆ ಡಿಸ್ಕ್ ಹಾಕದೆ ಚಾಲೂ ಮಾಡಿದರೆ ಪರದೆಯ ಮೇಲೆ ಎರಡೇ ಸಾಲು ಬರುತ್ತವೆ. ಮೊದಲನೆಯದು ಬ್ರೌಸರ್. ಅದನ್ನು ಒತ್ತಿದರೆ ಸಿಕ್ಕಿಸಿದ ಮೆಮೊರಿ ಕಾರ್ಡುಗಳು ಕಾಣುತ್ತವೆ. ಕಾರ್ಡಿನ ಒಳಗೆ ಹೋದರೆ ಒಂದೊಂದು ಆಟಕ್ಕೆ ಒಂದೊಂದು ಪುಟ್ಟ ಗೊಂಬೆ. ಕೆಲವು ತಿರುಗುತ್ತವೆ, ಕೆಲವು ಕುಣಿಯುತ್ತವೆ. ಅಳಿಸಲು ಹೋದಾಗ ಭಂಗಿ ಬದಲಿಸುವ ಗೊಂಬೆಗಳೂ ಇವೆ. ಆಟ ಮಾಡಿದವರಿಗೆ ಅಷ್ಟು ವ್ಯವಧಾನವಿತ್ತು. ಗೊಂಬೆಯನ್ನು ಆರಿಸಿದರೆ ಯಾವ ಆಟ, ಯಾವ ದಿನ ಎಷ್ಟು ಗಂಟೆಗೆ ಉಳಿಸಿದ್ದು, ಎಷ್ಟು ಜಾಗ ಹಿಡಿದಿದೆ ಎಂದು ತೋರಿಸುತ್ತದೆ. ಅಲ್ಲಿಂದ ನಕಲು ಮಾಡಬಹುದು ಅಥವಾ ಅಳಿಸಬಹುದು. ಅಳಿಸಿದರೆ ಹೋಯಿತು. ಕಂಪ್ಯೂಟರಿನಲ್ಲಿ ಇರುವ ಕಸದ ಬುಟ್ಟಿ ಇದರಲ್ಲಿ ಇಲ್ಲ.

ರಿಸೆಟ್ ಎಂಬುದು ಬೇರೆಯೇ ಸಂಗತಿ. ಯಂತ್ರದ ಮುಂದಿರುವ ಗುಂಡಿಯನ್ನು ಒಮ್ಮೆ ಒತ್ತಿ ಬಿಟ್ಟರೆ ರಿಸೆಟ್, ಒತ್ತಿ ಹಿಡಿದರೆ ಯಂತ್ರ ಮಲಗುತ್ತದೆ. ರಿಸೆಟ್ ಮಾಡಿದರೆ ಆ ಕ್ಷಣ ಓಡುತ್ತಿರುವ ಆಟ ಮಾತ್ರ ಹೋಗುತ್ತದೆ. ಕಾರ್ಡಿನಲ್ಲಿ ಉಳಿಸಿದ್ದು ಹಾಗೇ ಇರುತ್ತದೆ. ಬಹಳ ಮಂದಿ ತಂದೆತಾಯಿ ಇದನ್ನು ತಿಳಿಯದೆ, ಕೋಪ ಬಂದಾಗ ರಿಸೆಟ್ ಒತ್ತಿ ಎಲ್ಲ ಅಳಿಸಿದೆವೆಂದು ಬೀಗಿದ್ದುಂಟು. ನಾವೂ ಬೀಗಿದ್ದೆವು. ಮಕ್ಕಳು ಅಳುವ ಹಾಗೆ ಮಾಡಿ, ನಾವು ಮಲಗಿದ ಮೇಲೆ ಉಳಿಸಿದ ಜಾಗದಿಂದಲೇ ಮುಂದುವರಿಸುತ್ತಿದ್ದರೆಂದು ಈಗ ಗೊತ್ತಾಯಿತು. ನಿಜವಾದ ಅಪಾಯ ಎರಡು ಕಡೆ. ಉಳಿಸುತ್ತಿರುವಾಗಲೇ ಕರೆಂಟು ಹೋದರೆ ಅಥವಾ ಕಾರ್ಡು ಎಳೆದರೆ ಆ ಉಳಿಕೆ ಕೆಡಬಹುದು. ಇನ್ನೊಂದು, ಹಳೆಯದರ ಜಾಗದಲ್ಲಿ ಹೊಸದು ಬರೆಯಲೇ ಎಂದು ಆಟ ಕೇಳಿದಾಗ ಓದದೆ ಹೌದು ಎನ್ನುವುದು. ಕಾರ್ಡನ್ನು ಫಾರ್ಮ್ಯಾಟ್ ಮಾಡಬೇಕೇ ಎಂದು ಕೇಳಿದರಂತೂ ಮೊದಲು ಇಲ್ಲ ಎನ್ನಿ, ಕಾರ್ಡು ಹೊರತೆಗೆದು ಅದರ ಬಾಯಿಯ ಧೂಳು ಒರೆಸಿ ಮತ್ತೆ ಸಿಕ್ಕಿಸಿ ನೋಡಿ.

ಇದಕ್ಕೂ ಹಿಂದಿನ ಯಂತ್ರಗಳ ಕಥೆ ಇನ್ನೊಂದು ರೀತಿ. ನಮ್ಮ ದೊಡ್ಡವನು ಫೋನಿನಲ್ಲಿ ಅರ್ಧ ಗಂಟೆ ಪಾಠ ಮಾಡಿದ. ತೊಂಬತ್ತರ ದಶಕದಲ್ಲಿ ನಮ್ಮ ಪೇಟೆಗಳಲ್ಲಿ ಸಿಗುತ್ತಿದ್ದ ಟಿವಿ ಗೇಮ್‌ಗಳ ಹೆಚ್ಚಿನ ಕ್ಯಾಸೆಟ್‌ಗಳಲ್ಲಿ ಉಳಿಸುವ ಮಾತೇ ಇರಲಿಲ್ಲ. ಸ್ವಿಚ್ಚು ಆರಿಸಿದರೆ ಮರುದಿನ ಮತ್ತೆ ಒಂದರಿಂದ. ನಿಂಟೆಂಡೊ ಕಂಪನಿಯ ಕೆಲವು ಕ್ಯಾಸೆಟ್‌ಗಳ ಒಳಗೆ ಮಾತ್ರ ಸಣ್ಣ ಬ್ಯಾಟರಿ ಇಟ್ಟು ಉಳಿಸುವ ವ್ಯವಸ್ಥೆ ಮಾಡಿದ್ದರು. 1987ರಲ್ಲಿ ಅಮೆರಿಕದಲ್ಲಿ ಬಂದ ‘ದಿ ಲೆಜೆಂಡ್ ಆಫ್ ಜೆಲ್ಡಾ’ ಅಂಥದ್ದು. ಅದನ್ನು ಆರಿಸುವಾಗ ರಿಸೆಟ್ ಗುಂಡಿಯನ್ನು ಒತ್ತಿ ಹಿಡಿದುಕೊಂಡೇ ಪವರ್ ಆರಿಸಬೇಕು. ವಿದ್ಯುತ್ತು ಇಳಿಯುವ ಆ ಒಂದು ಕ್ಷಣದಲ್ಲಿ ಯಂತ್ರದ ಮೆದುಳು ಗೊಂದಲಗೊಂಡು ಉಳಿಕೆಯ ಮೇಲೆ ಏನಾದರೂ ಗೀಚೀತು. ರಿಸೆಟ್ ಹಿಡಿದರೆ ಅದು ಕೈಕಟ್ಟಿ ನಿಲ್ಲುತ್ತದೆ. ಅಂದರೆ ಅಲ್ಲಿ ರಿಸೆಟ್ ಇದ್ದದ್ದು ಕಾಪಾಡಲು! 1996ರಲ್ಲಿ ಜಪಾನಿನಲ್ಲಿ ಬಂದ ಪೋಕೆಮಾನ್ ಆಟದಲ್ಲಿ ಒಂದು ಕ್ಯಾಸೆಟ್‌ಗೆ ಒಂದೇ ಉಳಿಕೆ. ಅಣ್ಣ ತಮ್ಮ ಇಬ್ಬರಿದ್ದರೆ ಒಬ್ಬನಿಗೆ ಮಾತ್ರ ಜಾಗ. ಅದನ್ನು ಪೂರ್ತಿ ಅಳಿಸಬೇಕಾದರೆ ಶುರುವಿನ ಚಿತ್ರ ಬಂದಾಗ ಮೇಲಿನ ಬಾಣ, ಸೆಲೆಕ್ಟ್, ಬಿ, ಈ ಮೂರನ್ನೂ ಒಟ್ಟಿಗೆ ಒತ್ತಬೇಕು. ಕೈತಪ್ಪಿ ಆಗದಿರಲೆಂದೇ ಹಾಗೆ ಇಟ್ಟಿರಬೇಕು. ಆ ಕ್ಯಾಸೆಟ್‌ಗಳ ಬ್ಯಾಟರಿ ಮುಗಿದರೆ ಉಳಿಕೆಯೂ ಮುಗಿಯಿತು, ಯಾರೂ ಅಳಿಸಬೇಕಾಗಿಲ್ಲ. ಪ್ಲೇಸ್ಟೇಷನ್ 2ರ ಕಾರ್ಡಿಗೆ ಬ್ಯಾಟರಿ ಬೇಡ. ಹದಿನೆಂಟು ವರ್ಷ ಅಟ್ಟದಲ್ಲಿ ಸೆಕೆ, ಮಳೆ, ಇಲಿ ಎಲ್ಲ ಕಂಡ ನಮ್ಮ ಕಾರ್ಡೇ ಅದಕ್ಕೆ ಸಾಕ್ಷಿ.

ಈಗ ದಿನಾಂಕಕ್ಕೆ ಬರೋಣ. ಪರದೆಯ ಮೇಲೆ ಇದ್ದದ್ದು 2007ರ ಮೇ 20. ವೇಳೆ ಬೆಳಗ್ಗೆ 6 ಗಂಟೆ 20 ನಿಮಿಷ. ಕ್ಯಾಲೆಂಡರು ನೋಡದೆಯೇ ನಮ್ಮಲ್ಲಿ ಒಬ್ಬರಿಗೆ ನೆನಪಾಯಿತು, ಅದು ಭಾನುವಾರ. ಯಾಕೆ ನೆನಪಾಯಿತೆಂದರೆ ಆ ಭಾನುವಾರ ನಮ್ಮ ಮನೆಯಲ್ಲಿ ಒಂದು ಅದ್ಭುತ ನಡೆದಿತ್ತು. ಹತ್ತೊಂಬತ್ತರ ದೊಡ್ಡವನು, ಹದಿನಾರರ ಚಿಕ್ಕವನು, ಇಬ್ಬರೂ ಯಾರೂ ಕರೆಯದೆ ಎದ್ದು, ಸ್ನಾನ ಮಾಡಿ, ಏಳು ಗಂಟೆಯ ಮೊದಲ ಪೂಜೆಗೆ ತಯಾರಾಗಿ ನಿಂತಿದ್ದರು. ಆಗಿನ ವಿಗಾರರ ಹತ್ತಿರ ಹೆಮ್ಮೆಯಿಂದ ಹೇಳಿಕೊಂಡಿದ್ದೆವು. ಪ್ರಬೋಧನೆಯ ಹೊತ್ತಿಗೆ ಇಬ್ಬರೂ ಕಣ್ಣು ಮುಚ್ಚಿ ಕುಳಿತದ್ದನ್ನು ನೋಡಿ ಧ್ಯಾನ ಎಂದುಕೊಂಡೆವು.

ದೊಡ್ಡವನಿಗೆ ಫೋನು ಮಾಡಿದೆವು. ಅವನು ಬೆಂಗಳೂರಿನಲ್ಲಿ ಆಫೀಸಿನಲ್ಲಿದ್ದ. “ಮೇ ಇಪ್ಪತ್ತು, ಬೆಳಗ್ಗೆ ಆರೂ ಇಪ್ಪತ್ತಕ್ಕೆ ನೀವು ಎಲ್ಲಿದ್ದಿರಿ?” ಎಂದು ಕೇಳಿದಾಗ ಪೊಲೀಸರು ಕೇಳಿದ ಹಾಗೆ ಸುಮ್ಮನಾದ. ಆಮೇಲೆ ಬಾಯಿಬಿಟ್ಟ.

ಆ ಆಟದಲ್ಲಿ ತುಂಬ ಉದ್ದದ ಓಟಗಳಿವೆ. ಅದರಲ್ಲಿ ಒಂದು ಜಪಾನಿನ ತ್ಸುಕುಬಾ ಎಂಬಲ್ಲಿನ 9 ಗಂಟೆಯ ಓಟ. 9 ಗಂಟೆ ಎಂದರೆ ನಿಜವಾದ ಗೋಡೆ ಗಡಿಯಾರದ 9 ಗಂಟೆ. ದಾರಿ 2 ಕಿಲೋಮೀಟರಿಗಿಂತ ತುಸು ಹೆಚ್ಚು, ಒಂದು ಸುತ್ತಿಗೆ ಒಂದು ನಿಮಿಷದ ಆಸುಪಾಸು. ಅದೇ ತಿರುವು, ಅದೇ ಏರು, ಐನೂರು ಸುತ್ತು. ನಡುವೆ ಉಳಿಸಲು ಬರುವುದಿಲ್ಲ. ಒಬ್ಬನಿಂದ ಆಗದ ಕೆಲಸವಾದ್ದರಿಂದ ಇಬ್ಬರೂ ಸೇರಿದರು. ಚಕ್ರ ಬದಲಿಸಲು ಕಾರು ಒಳಗೆ ಬಂದಾಗಲೆಲ್ಲ ಕೈಯಲ್ಲಿನ ನಿಯಂತ್ರಕ ಅಣ್ಣನಿಂದ ತಮ್ಮನಿಗೆ, ತಮ್ಮನಿಂದ ಅಣ್ಣನಿಗೆ. ಅದಕ್ಕೆ ಹಿಂದಿನ ವಾರ ಹಗಲಲ್ಲಿ ಪ್ರಯತ್ನಿಸಿ ಏಳನೆಯ ಗಂಟೆಗೆ ಬಂದಿದ್ದರಂತೆ. ಸಂಜೆ ಗುಡುಗು ಬಂತು, ಕರೆಂಟು ಹೋಯಿತು, ಓಟವೂ ಹೋಯಿತು. ನಮ್ಮ ಊರಿನ ಮೇ ತಿಂಗಳ ಸಂಜೆ ಯಾರಿಗೆ ಗೊತ್ತಿಲ್ಲ? ಅದಕ್ಕೆ ಎರಡನೆಯ ಸಲ ರಾತ್ರಿ ಆರಿಸಿಕೊಂಡರು. ಶನಿವಾರ ಜಪಸರ, ಊಟ ಮುಗಿದು ನಾವು ಮಲಗಿದ ಮೇಲೆ ಚಾವಡಿಯಲ್ಲಿ ಟಿವಿಯ ಸದ್ದು ಪೂರ್ತಿ ತಗ್ಗಿಸಿ ಒಂಬತ್ತು ಗಂಟೆಗೆ ಶುರು. ಬೆಳಗ್ಗೆ ಆರಕ್ಕೆ ಓಟ ಮುಗಿದು ಆರೂ ಇಪ್ಪತ್ತಕ್ಕೆ ಉಳಿಸಿ, ಸಿಕ್ಕಿಬೀಳಬಾರದೆಂದು ಸ್ನಾನ ಮಾಡಿ ಪೂಜೆಗೆ ನಿಂತರು.

ನಕ್ಕು ನಕ್ಕು ಕಣ್ಣೊರೆಸಿಕೊಂಡೆವು. ಆಮೇಲೆ ಕೇಳಿದೆವು: “ಹಾಗಾದರೆ ಮಗುವಿಗೆ ಜಾಗ ಬೇಕಲ್ಲ, ಇದನ್ನು ಅಳಿಸಬಹುದಾ?”

“ಅಳಿಸಬೇಡಿ” ಎಂದ. ಸ್ವಲ್ಪ ಹೊತ್ತು ಬಿಟ್ಟು, “ಅದು ನನ್ನದೊಬ್ಬನದೇ ಅಲ್ಲ. ಅವನನ್ನೂ ಕೇಳಬೇಕು” ಎಂದ.

“ನೀನೇ ಕೇಳು.”

ಆ ಕಡೆಯಿಂದ ಮಾತಿಲ್ಲ.

ಈಗ ನಮ್ಮ ಮನೆಯ ಸಂಗತಿ ಸ್ವಲ್ಪ ಹೇಳಬೇಕಾಗುತ್ತದೆ. ವಾರ್ಡಿನವರಿಗೆ ಗೊತ್ತಿರುವುದೇ. ಮೂರು ವರ್ಷಗಳ ಹಿಂದೆ ತೋಟ ಪಾಲು ಮಾಡಿದೆವು. ಮನೆ ಮತ್ತು ಮೇಲಿನ ತೋಟ ದೊಡ್ಡವನಿಗೆ, ಕೆಳಗಿನ ತೋಟ ಮತ್ತು ರಸ್ತೆ ಬದಿಯ ಜಾಗ ಚಿಕ್ಕವನಿಗೆ. ಪಾಲುಪತ್ರ ಬರೆದವರು ಮಲಯಾಳದಲ್ಲಿ ಬರೆದರು. ನಮಗೆ ಮಾತು ಬರುತ್ತದೆ, ಓದುವುದು ಕಷ್ಟ. ಸರಿ ಇದೆಯಲ್ಲ ಎಂದು ಕೇಳಿದೆವು, ಸರಿ ಇದೆ ಎಂದರು, ಸಹಿ ಹಾಕಿದೆವು. ಬಾವಿಯೂ ಅದಕ್ಕೆ ಹೋಗುವ ದಾರಿಯೂ ಪೂರ್ತಿಯಾಗಿ ಮೇಲಿನ ತೋಟಕ್ಕೆ ಸೇರಿಹೋಗಿದೆ ಎಂದು ತಿಳಿದದ್ದು ಆಮೇಲೆ. ಚಿಕ್ಕವನ ಅಡಿಕೆಗೆ ನೀರು ಆ ಬಾವಿಯಿಂದಲೇ ಹೋಗಬೇಕು. ಅಣ್ಣನೇ ಹೀಗೆ ಬರೆಸಿದ ಎಂದು ಅವನು, ನನಗೆ ಗೊತ್ತೇ ಇರಲಿಲ್ಲ ಎಂದು ಇವನು. ಆಮೇಲೆ ಹೆಂಡಂದಿರು, ಆಮೇಲೆ ನೆಂಟರು. ಚಿಕ್ಕವನು ಇರುವುದು ಮಂಗಳೂರಿನಲ್ಲಿ, ಒಂದು ಗಂಟೆಯ ದಾರಿ. ಅಣ್ಣ ಬಂದಿದ್ದಾನೆಂದರೆ ಅವನು ಬರುವುದಿಲ್ಲ. ಇಬ್ಬರೂ ನಮ್ಮನ್ನು ಚೆನ್ನಾಗಿ ನೋಡಿಕೊಳ್ಳುತ್ತಾರೆ, ಆ ದೂರು ಇಲ್ಲ. ಒಬ್ಬರ ಹೆಸರನ್ನು ಇನ್ನೊಬ್ಬರು ಹೇಳುವುದಿಲ್ಲ, ಅಷ್ಟೇ. “ಅವನು” ಎಂದರೆ ನಾವು ಅರ್ಥ ಮಾಡಿಕೊಳ್ಳಬೇಕು.

ಓದದೆ ಹೌದು ಎಂದು ಒತ್ತುವ ಮಕ್ಕಳನ್ನು ಗದರಿಸಲು ನಮಗೆ ಯಾವ ಬಾಯಿ ಇದೆ, ಹೇಳಿ.

ವಿಚಿತ್ರವೆಂದರೆ ಇವರಿಬ್ಬರ ಮೊದಲ ಪಾಲು ಆದದ್ದು ಇದೇ ಯಂತ್ರದ ಮೇಲೆ. 2005ರಲ್ಲಿ ಒಂದೇ ಕಾರ್ಡು ಇತ್ತು. ಆಗ ಆಡುತ್ತಿದ್ದದ್ದು ಇದೇ ಆಟದ ಮೂರನೆಯ ಭಾಗ. ದೊಡ್ಡವನ ಮೂರು ತಿಂಗಳ ಆಟದ ಮೇಲೆ ಚಿಕ್ಕವನು ತನ್ನದನ್ನು ಬರೆದುಬಿಟ್ಟ. ದೊಡ್ಡವನು ಎರಡು ದಿನ ಊಟ ಬಿಟ್ಟ. ನಾವು ಎರಡನೆಯ ಕಾರ್ಡು ತರಿಸಿ, ಕಾಗದ ಅಂಟಿಸಿ, ಇಬ್ಬರ ಹೆಸರು ಬರೆದು ಕೊಟ್ಟೆವು. ಯಂತ್ರದಲ್ಲಿ ಕಾರ್ಡಿಗೆ ಎರಡು ಕಿಂಡಿ ಇವೆ, ಎಡಕ್ಕೆ ಒಬ್ಬ, ಬಲಕ್ಕೆ ಒಬ್ಬ. ನ್ಯಾಯ ತೀರಿಸಿದೆವೆಂದು ನಾವು ಮಲಗಿದೆವು.

ಆದರೆ ಈ ಆಸ್ತಿಯ ಮೂಲ ನಾವಂದುಕೊಂಡಷ್ಟು ಸರಳವಲ್ಲ ಎಂದು ಈ ಮೇ ತಿಂಗಳಲ್ಲಿ ತಿಳಿಯಿತು. ನಾಲ್ಕನೆಯ ಭಾಗವನ್ನು ಹೊಸದಾಗಿ ಶುರು ಮಾಡಿದರೆ ಕೈಯಲ್ಲಿ ಸಿಗುವ ಹಣ ಆಟದ ಲೆಕ್ಕದಲ್ಲಿ 10,000. ಆದರೆ ಕಾರ್ಡಿನಲ್ಲಿ ಮೂರನೆಯ ಭಾಗದ ಉಳಿಕೆ ಇದ್ದರೆ, ಅದರಿಂದ 1,00,000ದವರೆಗೆ ಹಣವನ್ನೂ ಆರಂಭದ ಲೈಸೆನ್ಸ್‌ಗಳನ್ನೂ ಹೊಸ ಆಟಕ್ಕೆ ತರಬಹುದು. ಪಿತ್ರಾರ್ಜಿತ ಎನ್ನಿ. ದೊಡ್ಡವನ ಕಾರ್ಡಿನಲ್ಲಿ ಮೂರನೆಯ ಭಾಗದ್ದು ಯಾವುದಿತ್ತು? ಅವನ ಆಟದ ಮೇಲೆ ಚಿಕ್ಕವನು ಬರೆದುಬಿಟ್ಟ ಅದೇ ಉಳಿಕೆ! ಕೋಪದಲ್ಲಿ ಅದನ್ನು ಅಳಿಸಿರಲಿಲ್ಲ. ಅಂದರೆ ಅಣ್ಣನ ಹೊಸ ಆಟಕ್ಕೆ ಬಂಡವಾಳ ಬಂದದ್ದು ತಮ್ಮ ಮಾಡಿದ ತಪ್ಪಿನಿಂದ. ಆ ಹಣದಿಂದ ಕೊಂಡ ಕಾರಿನಿಂದ ಶುರುವಾಗಿ ಕೊನೆಗೆ ಒಂಬತ್ತು ಗಂಟೆಯ ಓಟ. ಓಡಿಸಿದ್ದು ಇಬ್ಬರೂ. ಕಾರ್ಡಿನ ಮೇಲೆ ಅಂಟಿಸಿದ ಹೆಸರು ದೊಡ್ಡವನದು, ನಮ್ಮ ಕೈಬರಹ. ಈಗ ಇದು ಯಾರದು? ವಕೀಲರಿಗೂ ತಲೆನೋವು.

ನಮ್ಮಲ್ಲಿ ಒಬ್ಬರು ಹಲವು ವರ್ಷ ಪ್ರಥಮ ಪರಮಪ್ರಸಾದದ ಮಕ್ಕಳಿಗೆ ಧರ್ಮೋಪದೇಶ ಕಲಿಸಿದವರು. ಪಾಪನಿವೇದನೆಯ ಪಾಠದಲ್ಲಿ ಒಮ್ಮೆ ಒಬ್ಬ ಹುಡುಗ ಎದ್ದು, “ಟೀಚರ್, ಅದು ರಿಸೆಟ್ ಬಟನ್ ಅಲ್ವಾ?” ಎಂದಿದ್ದ. ಆಗ ಹೌದು ಎಂದು ಹೇಳಿ ಬೇಗ ಮುಗಿಸಿದ್ದುಂಟು, ಗಂಟೆ ಹೊಡೆಯುವುದರಲ್ಲಿತ್ತು. ಈಗ ಆ ಉತ್ತರ ಸರಿಯಿರಲಿಲ್ಲ ಎನ್ನಿಸುತ್ತದೆ. ಪಕ್ಕದ ಮನೆಯ ಪೇರಳೆ ಕದ್ದವನಿಗೆ ಕ್ಷಮೆ ಸಿಗುತ್ತದೆ, ಆದರೆ ಪೇರಳೆ ಹಿಂದೆ ಕೊಡುವುದು ಬಾಕಿ ಇರುತ್ತದೆ. ಪಾಪವಿಮೋಚನೆಯು ಪಾಪವನ್ನು ತೊಲಗಿಸುತ್ತದೆ, ಪಾಪದಿಂದಾದ ಅವ್ಯವಸ್ಥೆಯನ್ನೆಲ್ಲ ತಾನಾಗಿ ಸರಿಪಡಿಸುವುದಿಲ್ಲ ಎಂದು ಕಥೋಲಿಕ ಧರ್ಮಸಭೆಯ ಧರ್ಮೋಪದೇಶ ಗ್ರಂಥವೇ 1459ನೆಯ ಕಂಡಿಕೆಯಲ್ಲಿ ಹೇಳುತ್ತದೆ. ನಾವು ಆ ಪಾಲುಪತ್ರದ ಬಗ್ಗೆ ಪಾಪನಿವೇದನೆ ಮಾಡಿದ್ದೇವೆ. ಸ್ವಾಮಿಗಳು ಸಮಾಧಾನ ಹೇಳಿದರು. ಬಾವಿ ಮಾತ್ರ ಎಲ್ಲಿತ್ತೋ ಅಲ್ಲೇ ಇದೆ. ತಿದ್ದುಪಡಿ ಪತ್ರ ಮಾಡಬಹುದು, ಆದರೆ ಅದಕ್ಕೆ ಇಬ್ಬರೂ ಒಟ್ಟಿಗೆ ಬಂದು ಸಹಿ ಹಾಕಬೇಕು.

ಹಾಗಾಗಿ ಮೊಮ್ಮಗ ಕಾದ. ಮಕ್ಕಳಿಗೆ ಕಾಯುವುದೆಂದರೆ ಎಷ್ಟು ಹೊತ್ತು? ಒಂದು ಮಧ್ಯಾಹ್ನ. ನಾವು ಮಲಗಿದ್ದಾಗ ನಮ್ಮದೇ ಫೋನಿನಿಂದ ತಾನೇ ಚಿಕ್ಕಪ್ಪನಿಗೆ ಕರೆ ಮಾಡಿದ. ಎದ್ದು ಬರುವಾಗ ಸ್ಪೀಕರ್ ಹಾಕಿಕೊಂಡು ಪರದೆಯನ್ನು ಓದಿ ಹೇಳುತ್ತಿದ್ದ. ನಾವು ಬಾಗಿಲ ಮರೆಯಲ್ಲಿ ನಿಂತೆವು. ಕದ್ದು ಕೇಳುವುದು ತಪ್ಪು, ಒಪ್ಪುತ್ತೇವೆ.

“ದಿನಾಂಕ ಏನಿದೆ ನೋಡು” ಎಂದ ಚಿಕ್ಕವನು.

ಹುಡುಗ ಓದಿದ.

ಆ ಕಡೆ ನಗು. ಮೂರು ವರ್ಷಗಳಿಂದ ಈ ಮನೆಯಲ್ಲಿ ಕೇಳದ ನಗು. ಆಮೇಲೆ ಅವನು ಹೇಳಿದ: “ನಿನ್ನ ಅಪ್ಪನಿಗೆ ಹೇಳು, ಕೊನೆಯ ಒಂದು ಗಂಟೆ ಪೂರ್ತಿ ನಾನೇ ಓಡಿಸಿದ್ದು. ಅವನು ಬೆಂಚಿನ ಮೇಲೆ ಗೊರಕೆ ಹೊಡೆಯುತ್ತಿದ್ದ.”

ಹುಡುಗ ನಿಯತ್ತಿನಿಂದ ಅಪ್ಪನಿಗೆ ವರದಿ ಒಪ್ಪಿಸಿದ. ಅಪ್ಪ, “ಸುಳ್ಳು. ನಾಲ್ಕರಿಂದ ಐದರವರೆಗೆ ಮಲಗಿದ್ದು ಹೌದು, ಕೊನೆಯ ಸುತ್ತು ನನ್ನದು” ಎಂದ. ಅದು ಮಂಗಳೂರಿಗೆ ಹೋಯಿತು. ಮಂಗಳೂರಿನಿಂದ ಉತ್ತರ ಬಂತು: ಕೊನೆಯ ಸಲ ಚಕ್ರ ಬದಲಿಸಿದ್ದು ಎಷ್ಟು ಗಂಟೆಗೆಂದು ಅವನಿಗೆ ನೆನಪಿದ್ದರೆ ಹೇಳಲಿ. ಹೀಗೆ ಒಂದು ವಾರ ಒಂಬತ್ತು ವರ್ಷದ ಅಂಚೆಯವನ ಕೆಲಸ ನಡೆಯಿತು. ಯಾರೂ ಬಾವಿಯ ವಿಷಯ ಎತ್ತಲಿಲ್ಲ, ನಾವೂ ಎತ್ತಲಿಲ್ಲ. ನಡುವೆ ಒಂದು ದಿನ ದೊಡ್ಡವನ ಬಾಯಲ್ಲಿ “ಅವನು” ಎಂಬುದರ ಬದಲು ತಮ್ಮನ ಹೆಸರೇ ಬಂತು. ಚಿಕ್ಕಂದಿನಲ್ಲಿ ಕರೆಯುತ್ತಿದ್ದ ಹೆಸರು. ಹೇಳಿದವನಿಗೆ ಗೊತ್ತಾಯಿತೋ ಇಲ್ಲವೋ.

ಅಳಿಸುವ ಬಗ್ಗೆ ಇಬ್ಬರ ಉತ್ತರವೂ ಒಂದೇ, ಬೇಡ. ಹಾಗಾದರೆ ಹುಡುಗ ಏನು ಮಾಡಬೇಕು? ಆ ತಾಯಿಗೂ ಇದೇ ನಮ್ಮ ಸಲಹೆ: ಇನ್ನೊಂದು ಕಾರ್ಡು ಕೊಂಡುಕೊಳ್ಳಿ. ಹಳೆಯ ಸಾಮಾನಿನ ಅಂಗಡಿಗಳಲ್ಲಿ, ಆನ್‌ಲೈನಿನಲ್ಲಿ ಈಗಲೂ ಸಿಗುತ್ತವೆ. ಸೋನಿಯದ್ದು 8 ಎಂಬಿ. ಬೇರೆಯವರು ಮಾಡಿದ 16, 32, 64 ಎಂಬಿಯವೂ ಇವೆ. ಅಗ್ಗಕ್ಕೆ ಸಿಗುವ ಕೆಲವು ಬೇಗ ಕೈಕೊಡುತ್ತವೆಂದು ದೊಡ್ಡವನ ಅಭಿಪ್ರಾಯ, ಆದ್ದರಿಂದ ಮೊದಲು ಸಣ್ಣದೇನಾದರೂ ಉಳಿಸಿ ಮರುದಿನ ಇದೆಯೇ ನೋಡಿ. ಯಂತ್ರವನ್ನು ಯಾರಿಗಾದರೂ ಕೊಡುವುದಾದರೆ ಧಾರಾಳವಾಗಿ ಕೊಡಿ, ಕಾರ್ಡನ್ನು ಎಳೆದು ತೆಗೆದಿಟ್ಟುಕೊಂಡು ಕೊಡಿ. ಪ್ಲೇಸ್ಟೇಷನ್ 2ರ ಉಳಿಕೆಗಳು ಇರುವುದು ಕಾರ್ಡಿನಲ್ಲಿ, ಡಿಸ್ಕಿನಲ್ಲಿ ಅಲ್ಲ. ಕಾರ್ಡು ಬೆಂಕಿಪೆಟ್ಟಿಗೆಗಿಂತ ಸ್ವಲ್ಪ ದೊಡ್ಡದು. ಆಲ್ಬಮ್ ಇಟ್ಟ ಡಬ್ಬದ ಮೂಲೆಯಲ್ಲಿ ಕೂರುತ್ತದೆ. ಕ್ಯಾಸೆಟ್‌ನ ಆಟಗಳಾದರೆ ಉಳಿಕೆ ಕ್ಯಾಸೆಟ್‌ನ ಒಳಗೇ ಇರುವುದರಿಂದ ಅದನ್ನು ಕೊಟ್ಟರೆ ಅದೂ ಹೋಯಿತು. ಕೊಡುವ ಮೊದಲು ಮಕ್ಕಳಿಗೆ, ಎಷ್ಟೇ ದೊಡ್ಡವರಾಗಿರಲಿ, ಒಂದು ಫೋನು ಮಾಡಿ ಕೇಳಿ. ಕೆಲವರು ಬೇಡ ಎಂದಾರು, ಹೆಚ್ಚಿನವರು ಅದಿನ್ನೂ ಇದೆಯಾ ಎಂದಾರು.

ನಮ್ಮ ಮೂರನೆಯ ಕಾರ್ಡು ಬಂತು. ಮೊಮ್ಮಗ ಅದರ ಮೇಲೆ ಕಾಗದ ಅಂಟಿಸಿ ತಾನೇ ಹೆಸರು ಬರೆದುಕೊಂಡ. ಅಪ್ಪನಿಂದಲೂ ಚಿಕ್ಕಪ್ಪನಿಂದಲೂ ಒಂದು ಪೈಸೆ ತರದೆ ಅದೇ 10,000ದಿಂದ ಶುರು ಮಾಡಿದ್ದಾನೆ. ಮೊದಲ ಲೈಸೆನ್ಸ್ ಪರೀಕ್ಷೆಯಲ್ಲಿ ಕಾರನ್ನು ಗೆರೆಯೊಳಗೆ ನಿಲ್ಲಿಸಲು ಹನ್ನೊಂದು ಸಲ ಬೇಕಾಯಿತು. ರಜೆ ಮುಗಿದಾಗ ಯಂತ್ರವನ್ನು ಬೆಂಗಳೂರಿಗೆ ಒಯ್ಯುತ್ತೇನೆಂದು ಹಟ ಹಿಡಿದ. ಕೊಡಲಿಲ್ಲ. ಹಳೆಯ ಎರಡು ಕಾರ್ಡು, ಹೊಸದೊಂದು, ಎಲ್ಲವೂ ಇಲ್ಲೇ ಪೀಠದ ಕೆಳಗಿನ ಕಪಾಟಿನಲ್ಲಿವೆ. ಆಡಬೇಕಾದವರು ಇಲ್ಲಿಗೇ ಬರಲಿ.

ಮುಂದಿನ ತಿಂಗಳು 8ಕ್ಕೆ ಮರಿಯಮ್ಮನವರ ಜನನದ ಹಬ್ಬ, ನಮ್ಮ ತೆನೆಹಬ್ಬ. ಮಕ್ಕಳು ಒಂಬತ್ತು ದಿನ ಹೂ ಅರ್ಪಿಸುವ ನೊವೇನ 30ಕ್ಕೆ ಶುರುವಾಗುತ್ತದೆ. ಮನೆಯವರೆಲ್ಲ ಒಂದೇ ಪಂಕ್ತಿಯಲ್ಲಿ ಕುಳಿತು ಹೊಸ ಅಕ್ಕಿ ಉಣ್ಣಬೇಕೆಂಬುದು ನಮ್ಮ ಹಿರಿಯರ ಪದ್ಧತಿ. ದೂರದಲ್ಲಿದ್ದವರಿಗೆ ಆಶೀರ್ವದಿಸಿದ ಭತ್ತದ ಕಾಳನ್ನು ಲಕೋಟೆಯಲ್ಲಿಟ್ಟು ಕಳುಹಿಸುತ್ತಿದ್ದರು. ಕಳೆದ ಮೂರು ವರ್ಷ ನಾವು ಹಬ್ಬವನ್ನು ಎರಡು ಸಲ ಮಾಡಿದ್ದೇವೆ, ಒಬ್ಬನಿಗೆ ಹಬ್ಬದ ದಿನ, ಇನ್ನೊಬ್ಬನಿಗೆ ಮರುದಿನ. ಈ ಸಲ ದೊಡ್ಡವನು ಬರುವುದು ಗಟ್ಟಿ, ಟಿಕೆಟು ತೆಗೆದಾಗಿದೆ. ಮೊನ್ನೆ ಚಿಕ್ಕವನು ಫೋನು ಮಾಡಿದಾಗ ಎಂಟಕ್ಕೋ ಒಂಬತ್ತಕ್ಕೋ ಎಂದು ಕೇಳಿದೆವು. “ನೋಡೋಣ” ಎಂದ. ಆಮೇಲೆ, ಆ ಟಿವಿಗೆ ಹೋಗುವ ಹಳದಿ ವಯರು ಸಡಿಲವಾಗಿದೆ ಎಂದು ಹುಡುಗ ಹೇಳುತ್ತಿದ್ದ, ಬರುವಾಗ ಹೊಸದೊಂದು ತರುತ್ತೇನೆ ಎಂದ.

ಎಷ್ಟು ಎಲೆ ಹಾಕಬೇಕೆಂದು ಇನ್ನೂ ಗೊತ್ತಾಗಿಲ್ಲ. ಬಾಳೆ ಎಲೆ ನಮ್ಮ ಹಿತ್ತಲಿನಲ್ಲೇ ಇದೆ, ಬೆಳಗ್ಗೆ ಕೊಯ್ದರಾಯಿತು.